ರಾಜಕುಮಾರ ದಪ್ಪಗಾದದ್ದು ಹೇಗೆ?

1985ರಲ್ಲಿ ಅಮೆರಿಕದ ತರುಣ ಜೋರ್ಡನ್ ಮೆಕ್ನರ್ ತಮ್ಮ ತಮ್ಮನಿಗೆ ಬಿಳಿ ಬಟ್ಟೆ ತೊಡಿಸಿ, ಓಡು, ಜಿಗಿ, ಹತ್ತು ಎಂದು ಹೇಳುತ್ತ ವಿಡಿಯೊ ಕ್ಯಾಮೆರಾದಲ್ಲಿ ಚಿತ್ರೀಕರಿಸಿಕೊಂಡರು. ಆಮೇಲೆ ಆ ಚಿತ್ರಗಳನ್ನು ಒಂದೊಂದಾಗಿ ನಿಲ್ಲಿಸಿ, ಹುಡುಗನ ಮೈಯ ಹೊರಗೆರೆಯನ್ನು ಎತ್ತಿಕೊಂಡು, ಕಂಪ್ಯೂಟರಿನ ಚುಕ್ಕಿಗಳಿಗೆ ಇಳಿಸಿದರು. 1989ರಲ್ಲಿ ಆಪಲ್ 2 ಕಂಪ್ಯೂಟರಿಗೆ ‘ಪ್ರಿನ್ಸ್ ಆಫ್ ಪರ್ಷಿಯಾ’ ಬಂದಾಗ ಆಡಿದವರು ಬೆರಗಾದದ್ದು ಅದರ ಕತೆಗಲ್ಲ, ಆ ರಾಜಕುಮಾರ ಓಡುವ ರೀತಿಗೆ. ಕಂಪ್ಯೂಟರ್ ಆಟದ ಗೊಂಬೆಯೊಂದು ಮೊದಲ ಸಲ ಮನುಷ್ಯನ ಹಾಗೆ ಉಸಿರು ಬಿಗಿಹಿಡಿದು ಹಾರಿದಂತೆ ಕಂಡಿತು. ಅದರ ಡಾಸ್ ಆವೃತ್ತಿ ನಮ್ಮ ಊರುಗಳಿಗೂ ಬಂತು. ತೊಂಬತ್ತರ ದಶಕದಲ್ಲಿ ಕಂಪ್ಯೂಟರ್ ತರಗತಿಗೆ ಹೋದ ಅನೇಕರು ಮೇಷ್ಟ್ರು ಹೊರಗೆ ಹೋದಾಗ ಆಡಿದ ಆಟಗಳಲ್ಲಿ ಇದೂ ಒಂದು.

ಈಗ ಅದೇ ಆಟವನ್ನು ಇಂದಿನ ಅಗಲವಾದ ಮಾನಿಟರಿನ ತುಂಬ ಹರಡಿ ನೋಡಿ. ರಾಜಕುಮಾರ ದಪ್ಪಗಾಗಿದ್ದಾನೆ. ಸೊಂಟ ಹಿಗ್ಗಿದೆ, ಕಾಲು ಗಿಡ್ಡವಾಗಿದೆ, ಹಾರಿದರೆ ಚೀಲ ಎಸೆದಂತೆ ಕಾಣುತ್ತದೆ. ಫೈಲಿನಲ್ಲಿ ಒಂದು ಬಿಟ್ ಕೂಡ ಬದಲಾಗಿಲ್ಲ. ಮೂವತ್ತು ವರ್ಷಗಳ ಹಿಂದೆ ಫ್ಲಾಪಿಯಲ್ಲಿದ್ದ ಅವೇ ಸೊನ್ನೆ-ಒಂದುಗಳು ಇಂದಿಗೂ ಹಾಗೆಯೇ ಇವೆ. ಹಾಗಾದರೆ ಕೆಟ್ಟದ್ದು ಯಾವುದು?

ಹಳೆಯ ಆಟಗಳು ಹೊಸ ಪರದೆಯಲ್ಲಿ ತಪ್ಪಾಗಿ ಕಾಣುವುದು, ಅದನ್ನು ಯಾರೋ ಕುಳಿತು ಸರಿಪಡಿಸುವುದು ಮೇಲುನೋಟಕ್ಕೆ ರಿಪೇರಿ ಕೆಲಸ. ಆದರೆ ಅದರ ಇತಿಹಾಸವನ್ನು ಕೆದಕಿದರೆ ಸಾಹಿತ್ಯದ ವಿದ್ಯಾರ್ಥಿಗಳಿಗೆ ಚೆನ್ನಾಗಿ ಗೊತ್ತಿರುವ ಪ್ರಶ್ನೆಯೊಂದು ಎದುರಾಗುತ್ತದೆ: ಮೂಲ ಎಂದರೆ ಯಾವುದು? ಬರೆದಿಟ್ಟದ್ದೋ, ಅದನ್ನು ಓದಿದಾಗ ಕೇಳಿಸಿದ್ದೋ?

ರಂಗೋಲಿಯ ಲೆಕ್ಕ

ರಂಗೋಲಿ ಪುಸ್ತಕದಲ್ಲಿ ‘ಹದಿನೈದು ಚುಕ್ಕಿ, ಎಂಟರವರೆಗೆ’ ಎಂದಿರುತ್ತದೆ. ಚುಕ್ಕಿಗಳ ನಡುವೆ ಎಷ್ಟು ಜಾಗ ಬಿಡಬೇಕು ಎಂದು ಇರುವುದಿಲ್ಲ. ಅದು ಅಂಗಳಕ್ಕೆ ಬಿಟ್ಟದ್ದು. ಅಡ್ಡಕ್ಕೂ ಉದ್ದಕ್ಕೂ ಒಂದೇ ಅಂತರ ಬಿಟ್ಟರೆ ತಾವರೆ ದುಂಡಗೆ ಬರುತ್ತದೆ. ಸಾಲು ಸಾಲಿನ ನಡುವೆ ಹೆಚ್ಚು ಜಾಗ ಬಿಟ್ಟರೆ ಅದೇ ತಾವರೆ ಉದ್ದವಾಗುತ್ತದೆ. ಚುಕ್ಕಿಗಳ ಎಣಿಕೆ ಮಾತ್ರ ಎರಡರಲ್ಲೂ ಒಂದೇ.

ಹಳೆಯ ಆಟಗಳ ಚಿತ್ರವೂ ಹೀಗೆಯೇ ಎಣಿಕೆ ಮಾತ್ರ. 1981ರ ಆಗಸ್ಟಿನಲ್ಲಿ ಐಬಿಎಂ ತನ್ನ ಪಿಸಿಯನ್ನು ಮಾರುಕಟ್ಟೆಗೆ ತಂದಾಗ ಅದರ ಬಣ್ಣದ ಕಾರ್ಡು, ಅಂದರೆ ಸಿಜಿಎ, ಅಡ್ಡಕ್ಕೆ 320, ಉದ್ದಕ್ಕೆ 200 ಚುಕ್ಕಿಗಳನ್ನು ನಾಲ್ಕು ಬಣ್ಣಗಳಲ್ಲಿ ತೋರಿಸುತ್ತಿತ್ತು. ಈ ಸಂಖ್ಯೆಗಳ ಹಿಂದೆ ಸೌಂದರ್ಯದ ವಿಚಾರವೇನೂ ಇರಲಿಲ್ಲ. ಕಾರ್ಡಿನಲ್ಲಿದ್ದ ಸ್ಮರಣೆ 16 ಕಿಲೋಬೈಟ್, ಅಂದರೆ 16,384 ಬೈಟ್. ನಾಲ್ಕು ಬಣ್ಣಕ್ಕೆ ಚುಕ್ಕಿಯೊಂದಕ್ಕೆ ಎರಡು ಬಿಟ್ ಬೇಕು; 320ನ್ನು 200ರಿಂದ ಗುಣಿಸಿ ಲೆಕ್ಕ ಹಾಕಿದರೆ 16,000 ಬೈಟ್. ಚೀಲಕ್ಕೆ ಸರಿಯಾಗಿ ತುಂಬಿದ ಅಕ್ಕಿ. ಅಕ್ಷರಗಳ 25 ಸಾಲುಗಳಿಗೆ ಸಾಲೊಂದಕ್ಕೆ ಎಂಟು ಗೆರೆಯಂತೆ 200 ಗೆರೆಯೂ ಹೊಂದಿಕೆಯಾಗುತ್ತಿತ್ತು. ಅಮೆರಿಕದ ಟೀವಿ ಪರದೆಯಲ್ಲಿ ಅಂಚು ಕತ್ತರಿಸಿಹೋಗದಂತೆ ಅಷ್ಟು ಗೆರೆಗಳನ್ನು ತೋರಿಸಬಹುದಾಗಿತ್ತು.

ಆದರೆ ಅಂಗಳ ಬೇರೆ ಆಕಾರದ್ದು. ಆಗಿನ ಟೀವಿ, ಮಾನಿಟರುಗಳ ಗಾಜು ಅಗಲ ನಾಲ್ಕಕ್ಕೆ ಎತ್ತರ ಮೂರರ ಪ್ರಮಾಣದ್ದು. ನಾಲ್ಕಡಿ ಅಗಲ, ಮೂರಡಿ ಎತ್ತರದ ಪರದೆಯೊಂದನ್ನು ಊಹಿಸಿಕೊಳ್ಳಿ. 48 ಅಂಗುಲವನ್ನು 320ರಿಂದ ಭಾಗಿಸಿದರೆ ಚುಕ್ಕಿಯ ಅಗಲ 0.15 ಅಂಗುಲ. 36 ಅಂಗುಲವನ್ನು 200ರಿಂದ ಭಾಗಿಸಿದರೆ ಅದರ ಎತ್ತರ 0.18 ಅಂಗುಲ. ಅಂದರೆ ಆ ಚುಕ್ಕಿ ಚೌಕವಲ್ಲ. ಐದು ಪಾಲು ಅಗಲಕ್ಕೆ ಆರು ಪಾಲು ಎತ್ತರ. ಇಂಥ ಪರದೆಯಲ್ಲಿ ದುಂಡನೆಯ ಚಂದ್ರ ಬೇಕಿದ್ದರೆ ಕಲಾವಿದ ಅಡ್ಡಕ್ಕೆ 100 ಚುಕ್ಕಿ ಇಟ್ಟಾಗ ಉದ್ದಕ್ಕೆ 83 ಮಾತ್ರ ಇಡಬೇಕು. ಇದಕ್ಕಾಗಿ ಅವನು ಲೆಕ್ಕ ಹಾಕುತ್ತ ಕೂರಬೇಕಿರಲಿಲ್ಲ. ಅವನು ಬರೆಯುತ್ತಿದ್ದದ್ದೂ ಅಂಥದೇ ಮಾನಿಟರಿನ ಮುಂದೆ. ಕಣ್ಣಿಗೆ ದುಂಡಗೆ ಕಾಣುವವರೆಗೆ ತಿದ್ದಿದರೆ ಸಾಕಿತ್ತು. ಹಾಗಾಗಿ ಆ ತಿದ್ದುಪಡಿಯ ಗುರುತು ಎಲ್ಲೂ ದಾಖಲಾಗಲಿಲ್ಲ.

1987ರಲ್ಲಿ ಐಬಿಎಂನ ಪಿಎಸ್/2 ಯಂತ್ರಗಳ ಜೊತೆ ವಿಜಿಎ ಬಂತು. ಅದರ 256 ಬಣ್ಣಗಳ ಬಗೆಯೂ 320 ಅಡ್ಡ, 200 ಉದ್ದದ್ದೇ. ಚುಕ್ಕಿಗೆ ಒಂದು ಬೈಟ್, ಒಟ್ಟು 64,000 ಬೈಟ್. ಆಗಿನ ಇಂಟೆಲ್ ಚಿಪ್ಪುಗಳು ಸ್ಮರಣೆಯನ್ನು ನೋಡುತ್ತಿದ್ದ 65,536 ಬೈಟಿನ ಒಂದು ತುಂಡಿನೊಳಗೆ ಅದು ಇಡಿಯಾಗಿ ಕೂರುತ್ತಿತ್ತು. ಪ್ರೋಗ್ರಾಮ್ ಬರೆಯುವವರಿಗೆ ಇದಕ್ಕಿಂತ ಅನುಕೂಲ ಬೇರೆ ಇರಲಿಲ್ಲ. ಪಿಸಿಯ ಆಟಗಳ ಸುಗ್ಗಿಯ ಕಾಲ ಪೂರ್ತಿ, 1993ರ ಡಿಸೆಂಬರಿನಲ್ಲಿ ಬಂದ ‘ಡೂಮ್’ ಸೇರಿ, ಈ ಎತ್ತರದ ಚುಕ್ಕಿಯ ಮೇಲೆಯೇ ನಡೆಯಿತು. ಚೌಕ ಚುಕ್ಕಿ ಬೇಕೆಂದವರಿಗೂ ದಾರಿ ಇತ್ತು. 1991ರಲ್ಲಿ ಮೈಕೇಲ್ ಅಬ್ರಾಶ್ ‘ಡಾಕ್ಟರ್ ಡಾಬ್ಸ್ ಜರ್ನಲ್’ ಪತ್ರಿಕೆಯಲ್ಲಿ ವಿಜಿಎ ಕಾರ್ಡಿನಿಂದ 320 ಅಡ್ಡ, 240 ಉದ್ದದ ಚಿತ್ರ ಹೊರಡಿಸುವ ಬಗೆಯನ್ನು ವಿವರಿಸಿ, ಅದಕ್ಕೆ ‘ಮೋಡ್ ಎಕ್ಸ್’ ಎಂದು ಹೆಸರಿಟ್ಟರು. ಅದನ್ನು ಬಳಸಿದ ಆಟಗಳೂ ಇವೆ.

ಒಂದೇ ಗಾಜಿನಲ್ಲಿ ಇವೆಲ್ಲ ಹೇಗೆ ತುಂಬಿಕೊಳ್ಳುತ್ತಿದ್ದವು? ಪಿಕ್ಚರ್ ಟ್ಯೂಬಿನ ಎಲೆಕ್ಟ್ರಾನ್ ಕಿರಣಕ್ಕೆ ಇಂತಿಷ್ಟೇ ಗೆರೆ ಎಳೆಯಬೇಕೆಂಬ ಕಟ್ಟುಪಾಡಿಲ್ಲ. ವಿಜಿಎ ಕಾರ್ಡು 200 ಗೆರೆಗಳನ್ನು ಎರಡೆರಡು ಬಾರಿ ಬರೆದು 400 ಮಾಡುತ್ತಿತ್ತು. ತಾನು ಕಳಿಸುತ್ತಿರುವುದು 350 ಗೆರೆಯೋ, 400 ಗೆರೆಯೋ, 480 ಗೆರೆಯೋ ಎಂಬುದನ್ನು ಸಿಂಕ್ ಸಂಕೇತಗಳ ಧನ-ಋಣಗಳನ್ನು ಅದಲುಬದಲು ಮಾಡಿ ಮಾನಿಟರಿಗೆ ತಿಳಿಸುತ್ತಿತ್ತು. ಮಾನಿಟರು ಕಿರಣದ ಓಟವನ್ನು ಹಿಗ್ಗಿಸಿಯೋ ಕುಗ್ಗಿಸಿಯೋ ಗಾಜನ್ನು ತುಂಬುತ್ತಿತ್ತು. ಉಳಿದ ಕೊರತೆಯನ್ನು ಮಾನಿಟರಿನ ಗುಂಡಿ ತಿರುಗಿಸಿ ನೀಗಿಸಿಕೊಳ್ಳಬಹುದಾಗಿತ್ತು. ಆಕಾರದ ಗುಟ್ಟು ಇದ್ದದ್ದು ಕಾರ್ಡು ಮತ್ತು ಮಾನಿಟರಿನ ನಡುವಿನ ಈ ಒಪ್ಪಂದದಲ್ಲಿ. ಆಟದ ಫೈಲಿಗೆ ಅದರ ಸುಳಿವೇ ಇರಲಿಲ್ಲ.

ಫೈಲಿನಲ್ಲಿ ಇಲ್ಲದ ಬಣ್ಣ

ಆಕಾರವಷ್ಟೇ ಅಲ್ಲ, ಎಷ್ಟೋ ಆಟಗಳ ಬಣ್ಣವೂ ಆಟದೊಳಗೆ ಇರಲಿಲ್ಲ. 1978ರಲ್ಲಿ ಜಪಾನಿನಿಂದ ಬಂದ ‘ಸ್ಪೇಸ್ ಇನ್ವೇಡರ್ಸ್’ ಆಟವನ್ನೇ ನೋಡಿ. ಅದರ ಮಾನಿಟರು ಕಪ್ಪು-ಬಿಳುಪಿನದು. ಹಾಗಿದ್ದರೂ ಕೆಳಗಿನ ಫಿರಂಗಿ ಹಸಿರಾಗಿ ಕಂಡದ್ದು ಹೇಗೆಂದರೆ, ಪರದೆಯ ಮೇಲೆ ಬಣ್ಣದ ಪಾರದರ್ಶಕ ಹಾಳೆಯ ಪಟ್ಟಿಗಳನ್ನು ಅಂಟಿಸಿದ್ದರು. ಬಿಳಿಯ ಗುಂಡು ಮೇಲೇರುತ್ತ ಪಟ್ಟಿಯಿಂದ ಪಟ್ಟಿಗೆ ದಾಟಿದಂತೆ ಬಣ್ಣ ಬದಲಿಸುತ್ತಿತ್ತು. 1997ರಲ್ಲಿ ನಿಕೋಲಾ ಸಾಲ್ಮೋರಿಯಾ ಆರಂಭಿಸಿದ ‘ಮೇಮ್’ ಎಂಬ ತಂತ್ರಾಂಶ ಇಂಥ ಹಳೆಯ ಆಟದ ಯಂತ್ರಗಳನ್ನು ಇಂದಿನ ಕಂಪ್ಯೂಟರಿನೊಳಗೆ ಮರುಸೃಷ್ಟಿಸುತ್ತದೆ. ಚಿಪ್ಪಿನಲ್ಲಿದ್ದ ಪ್ರೋಗ್ರಾಮನ್ನು ಚಾಚೂ ತಪ್ಪದೆ ನಡೆಸಿದರೆ ಸಿಗುವುದು ಕಪ್ಪು-ಬಿಳುಪಿನ ಚಿತ್ರ. ಜನ ಕಂಡ ಆಟ ಬೇಕಾದರೆ ಆ ಹಾಳೆಯನ್ನೂ ಮರುಸೃಷ್ಟಿಸಿ ಮೇಲೆ ಹೊದಿಸಬೇಕು. ಪ್ರೋಗ್ರಾಮಿಗೆ ನಿಷ್ಠೆ ಮತ್ತು ನೋಟಕ್ಕೆ ನಿಷ್ಠೆ ಬೇರೆ ಬೇರೆ ಎಂಬುದಕ್ಕೆ ಇದಕ್ಕಿಂತ ಸರಳ ಉದಾಹರಣೆ ಸಿಗಲಾರದು.

ಇದಕ್ಕಿಂತ ಸೂಕ್ಷ್ಮವಾದದ್ದು ತಂತಿಯೊಳಗೆ ಹುಟ್ಟುತ್ತಿದ್ದ ಬಣ್ಣ. ಅಮೆರಿಕದ ಎನ್‌ಟಿಎಸ್‌ಸಿ ಟೀವಿ ಪದ್ಧತಿಯಲ್ಲಿ ಬಣ್ಣದ ಸಂಕೇತ ಸೆಕೆಂಡಿಗೆ ಸುಮಾರು 35 ಲಕ್ಷದ 80 ಸಾವಿರ ಬಾರಿ ಕಂಪಿಸುವ ಅಲೆಯೊಂದರ ಮೇಲೆ ಸವಾರಿ ಮಾಡುತ್ತದೆ. ಕಪ್ಪು-ಬಿಳಿ ಚುಕ್ಕಿಗಳನ್ನು ಅದೇ ವೇಗದಲ್ಲಿ ಒಂದರ ಪಕ್ಕ ಒಂದು ಇಟ್ಟರೆ ಟೀವಿ ಮೋಸಹೋಗಿ ಅದನ್ನು ಬಣ್ಣವೆಂದೇ ಓದುತ್ತದೆ. 1977ರ ಆಪಲ್ 2 ಯಂತ್ರದಲ್ಲಿ ಸ್ಟೀವ್ ವೋಜ್ನಿಯಾಕ್ ಅಗ್ಗದಲ್ಲಿ ಬಣ್ಣ ತಂದದ್ದು ಈ ಉಪಾಯದಿಂದ. ಐಬಿಎಂ ಪಿಸಿಯ ಸಿಜಿಎ ಕಾರ್ಡಿನಲ್ಲೂ ಅದು ನಡೆಯುತ್ತಿತ್ತು. 640 ಚುಕ್ಕಿಗಳ ಕಪ್ಪು-ಬಿಳಿ ಬಗೆಯಲ್ಲಿ ಬಣ್ಣದ ಅಲೆಯೊಂದಕ್ಕೆ ಸರಿಯಾಗಿ ನಾಲ್ಕು ಚುಕ್ಕಿ ಬರುತ್ತಿದ್ದವು. ನಾಲ್ಕು ಚುಕ್ಕಿಗಳನ್ನು ಹದಿನಾರು ರೀತಿಯಲ್ಲಿ ಹಚ್ಚಿ ಆರಿಸಬಹುದಾದ್ದರಿಂದ ಸುಮಾರು ಅಷ್ಟು ಬಣ್ಣಗಳು ಹುಟ್ಟುತ್ತಿದ್ದವು. ಸಿಯೆರಾ ಕಂಪನಿಗಾಗಿ ರೊಬರ್ಟಾ ವಿಲಿಯಮ್ಸ್ ರೂಪಿಸಿದ ‘ಕಿಂಗ್ಸ್ ಕ್ವೆಸ್ಟ್’ (1984) ಈ ಬಣ್ಣಗಳನ್ನು ಬಳಸಿಕೊಂಡ ಆಟಗಳಲ್ಲಿ ಒಂದು. ಟೀವಿಯಲ್ಲಿ ಹಸಿರು ಹುಲ್ಲಾಗಿ ಕಾಣುವ ಅದರ ನೆಲ, ಸ್ವಚ್ಛವಾದ ಆರ್‌ಜಿಬಿ ಮಾನಿಟರಿನಲ್ಲಿ ಬರಿಯ ಕಪ್ಪು-ಬಿಳಿ ಬಾಚಣಿಗೆ ಗೆರೆ. ಒಳ್ಳೆಯ ಮಾನಿಟರು ಕೊಂಡವನಿಗೆ ಕೆಟ್ಟ ಚಿತ್ರ ಸಿಗುತ್ತಿದ್ದ ವಿಚಿತ್ರ ಕಾಲ ಅದು.

ಈ ಉಪಾಯ ಪಾಲ್ ಪದ್ಧತಿಯ ದೇಶಗಳಲ್ಲಿ ನಡೆಯುತ್ತಿರಲಿಲ್ಲ. ಅಲ್ಲಿನ ಬಣ್ಣದ ಅಲೆಯ ವೇಗವೇ ಬೇರೆ. 1982ರಲ್ಲಿ ದೂರದರ್ಶನ ಬಣ್ಣಕ್ಕೆ ತಿರುಗಿದಾಗ ಭಾರತ ಆರಿಸಿಕೊಂಡದ್ದು ಪಾಲ್ ಪದ್ಧತಿಯನ್ನು. ಹಾಗಾಗಿ ಅಮೆರಿಕದ ಮಗು ಹಸಿರಾಗಿ ಕಂಡ ಹುಲ್ಲನ್ನು ನಮ್ಮ ಟೀವಿಗಳು ತೋರಿಸಬಲ್ಲವಾಗಿರಲಿಲ್ಲ. ಡಾಸ್‌ಬಾಕ್ಸ್‌ನಂಥ ಎಮ್ಯುಲೇಟರುಗಳು ಈಗ ಆ ಟೀವಿಯ ಮೋಸಹೋಗುವಿಕೆಯನ್ನೇ ಗಣಿತದಲ್ಲಿ ಅನುಕರಿಸಿ ಬಣ್ಣ ಹೊರಡಿಸುತ್ತವೆ. ಬೆಂಗಳೂರಿನ ಆಟಗಾರ ‘ಕಿಂಗ್ಸ್ ಕ್ವೆಸ್ಟ್’ನ ಆ ಹುಲ್ಲನ್ನು ಅದರ ಬಣ್ಣದಲ್ಲಿ ಕಾಣುವುದಕ್ಕೆ, ಅಮೆರಿಕದ ಟೀವಿಯ ದೋಷವೊಂದನ್ನು ತಂತ್ರಾಂಶವಾಗಿ ಬರೆಯಬೇಕಾಯಿತು.

ಐವತ್ತು ಮತ್ತು ಅರವತ್ತು

ಪಾಲ್ ಪದ್ಧತಿಯ ಯುರೋಪಿನಲ್ಲಿ ಇನ್ನೊಂದು ತೊಡಕಿತ್ತು. ಎನ್‌ಟಿಎಸ್‌ಸಿ ಟೀವಿ ಸೆಕೆಂಡಿಗೆ 60 ಬಾರಿ ಪರದೆ ಬರೆದರೆ ಪಾಲ್ ಟೀವಿ ಬರೆಯುವುದು 50 ಬಾರಿ. ಮೊದಲನೆಯದಕ್ಕೆ 525 ಗೆರೆ, ಎರಡನೆಯದಕ್ಕೆ 625. ಜಪಾನ್, ಅಮೆರಿಕಗಳ ಅನೇಕ ಆಟಗಳು ಗಡಿಯಾರ ನೋಡಿ ನಡೆಯುತ್ತಿರಲಿಲ್ಲ, ಪರದೆ ಎಷ್ಟು ಸಲ ಬರೆಯಿತೆಂದು ಎಣಿಸಿ ನಡೆಯುತ್ತಿದ್ದವು. ಸೇಗಾ ಕಂಪನಿಯ ‘ಸಾನಿಕ್’ (1991) ಎಂಬ ಮುಳ್ಳುಹಂದಿಯ ಹೆಗ್ಗಳಿಕೆಯೇ ವೇಗ. ಯುರೋಪಿನಲ್ಲಿ ಅದು ಆರನೇ ಒಂದು ಪಾಲು ನಿಧಾನವಾಗಿ, ಹಾಡನ್ನೂ ಎಳೆದುಕೊಂಡು ಓಡಿತು. ಹೆಚ್ಚುವರಿ ಗೆರೆಗಳಿಗೆ ಚಿತ್ರವಿಲ್ಲದೆ ಮೇಲೆ ಕೆಳಗೆ ಕಪ್ಪು ಪಟ್ಟಿ ಉಳಿದು, ಚಿತ್ರ ಅಮುಕಿದಂತಾಯಿತು. ಅದನ್ನೇ ಆಡಿ ಬೆಳೆದವರಿಗೆ ಸಾನಿಕ್ ಎಂದರೆ ಆ ಅಮುಕಿದ, ನಿಧಾನದ ಸಾನಿಕ್. ಅವರ ನೆನಪನ್ನು ತಪ್ಪೆನ್ನಲು ಬರುವುದಿಲ್ಲ.

ಅದೇ ಆಟದ ಮೊದಲ ಭಾಗದ ಜಲಪಾತ ನೋಡಿ. ಸೇಗಾ ಯಂತ್ರ ನಿಜವಾದ ಅರೆಪಾರದರ್ಶಕ ಬಣ್ಣವನ್ನು ಸುಲಭವಾಗಿ ಕೊಡುತ್ತಿರಲಿಲ್ಲ. ಚಿತ್ರಕಾರರು ಒಂದು ಗೆರೆ ಬಿಟ್ಟು ಒಂದು ಗೆರೆ ನೀರನ್ನು ಬರೆದರು. ಟೀವಿಯ ಮಸುಕಾದ ತಂತಿಯಲ್ಲಿ ಆ ಗೆರೆಗಳು ಒಂದಕ್ಕೊಂದು ಬೆರೆತು, ಹಿಂದಿನ ಬಂಡೆ ಕಾಣುವಂಥ ತಿಳಿನೀರಾದವು. ಇಂದಿನ ಚೂಪು ಪರದೆಯಲ್ಲಿ ಅದು ಕಂಬಿಗಳ ಬೇಲಿ. ಇದನ್ನು ಸರಿಪಡಿಸಲು ಹೊರಟವರು ಮಾಡಬೇಕಾದದ್ದು ಚಿತ್ರವನ್ನು ಚೊಕ್ಕ ಮಾಡುವ ಕೆಲಸವಲ್ಲ, ಹದವರಿತು ಕೆಡಿಸುವ ಕೆಲಸ. ಇಂದಿನ ಎಮ್ಯುಲೇಟರುಗಳಲ್ಲಿ ಪಿಕ್ಚರ್ ಟ್ಯೂಬಿನ ಮಸುಕು, ಗೆರೆಗಳ ನಡುವಿನ ಕತ್ತಲು, ಗಾಜಿನ ಉಬ್ಬನ್ನು ಅನುಕರಿಸುವ ಸೋಸುಪರದೆಗಳು ಹುಟ್ಟಿಕೊಂಡದ್ದು ಈ ಕಾರಣಕ್ಕೆ.

ಅಂಗಳ ಹೋಗಿ ಅಳಗುಳಿ ಮಣೆ ಬಂತು

ಈ ಶತಮಾನದ ಮೊದಲ ದಶಕದಲ್ಲಿ ಮೇಜುಗಳ ಮೇಲಿನ ದಪ್ಪ ಮಾನಿಟರುಗಳು ಹೋಗಿ ತೆಳ್ಳನೆಯ ಎಲ್‌ಸಿಡಿಗಳು ಬಂದವು. ಜಾಗ ಉಳಿಯಿತು, ಕಣ್ಣಿಗೆ ಹಿತವಾಯಿತು. ಆದರೆ ಪಿಕ್ಚರ್ ಟ್ಯೂಬು ಅಂಗಳವಾದರೆ ಎಲ್‌ಸಿಡಿ ಅಳಗುಳಿ ಮಣೆ. ಅದರ ಗುಳಿಗಳನ್ನು ಕಾರ್ಖಾನೆಯಲ್ಲೇ ಕೊರೆದು ಆಗಿದೆ: 1280 ಅಡ್ಡ 1024 ಉದ್ದ, ಅಥವಾ 1366 ಅಡ್ಡ 768 ಉದ್ದ, ಅಥವಾ 1920 ಅಡ್ಡ 1080 ಉದ್ದ. ಬಂದ ಚಿತ್ರವನ್ನು ಅಷ್ಟೇ ಗುಳಿಗಳಿಗೆ ಹಂಚಬೇಕು. ಜೊತೆಗೆ ಮಣೆಯ ಆಕಾರವೂ ಬದಲಾಯಿತು. ಮೊದಲು ಐದಕ್ಕೆ ನಾಲ್ಕು, ಆಮೇಲೆ ಹದಿನಾರಕ್ಕೆ ಹತ್ತು, ಕೊನೆಗೆ ಹದಿನಾರಕ್ಕೆ ಒಂಬತ್ತು.

ರಾಜಕುಮಾರನ ಮೈ ಬದಲಾದದ್ದು ಇಲ್ಲಿ. ಚುಕ್ಕಿಯನ್ನು ಚೌಕವೆಂದು ತಿಳಿದು ತೋರಿಸಿದರೆ ಅವನು ಇರಬೇಕಾದ್ದಕ್ಕಿಂತ 20 ಪ್ರತಿಶತ ಅಗಲ. ಹದಿನಾರಕ್ಕೆ ಒಂಬತ್ತರ ಪರದೆಯ ತುಂಬ ಎಳೆದರೆ 33 ಪ್ರತಿಶತ ಅಗಲ.

2001ರಲ್ಲಿ ಆರಂಭವಾದ ಸ್ಕಮ್‌ವಿಎಂ, 2002ರಲ್ಲಿ ಮೊದಲು ಬಿಡುಗಡೆಯಾದ ಡಾಸ್‌ಬಾಕ್ಸ್‌ಗಳಂಥ ತಂತ್ರಾಂಶಗಳು ಡಾಸ್ ಕಾಲದ ಆಟಗಳನ್ನು ಸಾವಿನಿಂದ ಉಳಿಸಿದವು. ಎರಡರಲ್ಲೂ ಆಕಾರ ಸರಿಪಡಿಸುವ ಸೌಲಭ್ಯವಿದೆ. ಡಾಸ್‌ಬಾಕ್ಸ್‌ನಲ್ಲಿ ಅದು ಬಹುಕಾಲ ತಾನಾಗಿ ಆನ್ ಆಗಿರುತ್ತಿರಲಿಲ್ಲ. ಸಂಯೋಜನೆಯ ಫೈಲನ್ನು ತೆರೆದು ‘ಆಸ್ಪೆಕ್ಟ್’ ಎಂಬ ಸಾಲಿನ ಮುಂದಿದ್ದ ‘ಫಾಲ್ಸ್’ ಎಂಬುದನ್ನು ‘ಟ್ರೂ’ ಎಂದು ತಿದ್ದಬೇಕಿತ್ತು. ಈ ಒಂದು ಪದದ ಬಗ್ಗೆ ಗೊತ್ತಿಲ್ಲದೆ ಒಂದು ತಲೆಮಾರಿನ ಎಷ್ಟೋ ಜನ ಹಳೆಯ ಆಟಗಳನ್ನು ಕುಳ್ಳಗಾದ ರೂಪದಲ್ಲೇ ನೋಡಿ, ಆಗಿನ ಚಿತ್ರಕಲೆಯೇ ಹಾಗೆಂದುಕೊಂಡರು.

ಆನ್ ಮಾಡಿದರೂ ಸುಖವಿರಲಿಲ್ಲ. 1080 ಗೆರೆಯ ಪರದೆಗೆ 200 ಗೆರೆಗಳನ್ನು ಹಂಚಿದರೆ ಒಂದೊಂದಕ್ಕೆ 5.4 ಗುಳಿ ಬರುತ್ತದೆ. ಗುಳಿಯನ್ನು ಒಡೆಯಲಾಗದು. ಹಾಗಾಗಿ ಕೆಲವು ಗೆರೆಗೆ ಐದು, ಕೆಲವಕ್ಕೆ ಆರು. ಚಿತ್ರ ಜಾರಿದಾಗ ಮೂಗು ಮುಖಗಳು ನೀರಿನಡಿ ಇದ್ದಂತೆ ಅಲುಗುತ್ತವೆ. ಲೆಕ್ಕ ಸರಿಹೋಗುವ ಪರದೆಯೊಂದಿತ್ತು: 1600 ಅಡ್ಡ, 1200 ಉದ್ದದ್ದು. 320ರ ಐದರಷ್ಟು 1600, 200ರ ಆರರಷ್ಟು 1200. ಐದಕ್ಕೆ ಆರು, ಆ ಹಳೆಯ ಚುಕ್ಕಿಯದೇ ಪ್ರಮಾಣ. ಹಾಗಾಗಿ ಇಂದಿನ ಪರದೆಗಳಿಗೆ ಕಂಡುಕೊಂಡ ಒಂದು ದಾರಿ, ಚಿತ್ರವನ್ನು ಮೊದಲು ಪೂರ್ಣಸಂಖ್ಯೆಯಷ್ಟು ಪಟ್ಟು ಹಿಗ್ಗಿಸಿ ಆಮೇಲೆ ನಯವಾಗಿ ಪರದೆಯ ಅಳತೆಗೆ ಕುಗ್ಗಿಸುವುದು. ಎಡಬಲಕ್ಕೆ ಕಪ್ಪು ಪಟ್ಟಿ ಬಿಟ್ಟು 1440 ಅಡ್ಡ, 1080 ಉದ್ದದಲ್ಲಿ ನಿಲ್ಲಿಸಿದರೆ ರಾಜಕುಮಾರ ತನ್ನ ಮೈಗೆ ಮರಳುತ್ತಾನೆ.

ನೇರಳೆ ಹುಲ್ಲು

ಮಾನಿಟರಿನ ತಪ್ಪಿಲ್ಲದೆಯೂ ಚಿತ್ರ ಕೆಡುವುದುಂಟು. ಬೆಂಗಳೂರು, ಮೈಸೂರುಗಳ ಸೈಬರ್ ಕೆಫೆಗಳಲ್ಲಿ ಗಂಟೆಗಿಷ್ಟೆಂದು ಕೊಟ್ಟು ‘ಏಜ್ ಆಫ್ ಎಂಪೈರ್ಸ್ 2’ (1999) ಆಡಿದವರು ಅದನ್ನು ಹತ್ತು ವರ್ಷದ ನಂತರ ವಿಂಡೋಸ್ 7 ಇದ್ದ ಯಂತ್ರದಲ್ಲಿ ಹಾಕಿದಾಗ ಹುಲ್ಲು ನೀರುಗಳ ಮೇಲೆಲ್ಲ ನೇರಳೆ, ಕೆಂಪು ಕಲೆ. ‘ಸ್ಟಾರ್‌ಕ್ರಾಫ್ಟ್’ (1998) ಆಟಕ್ಕೂ ಅದೇ ಕಾಯಿಲೆ.

ಈ ಆಟಗಳಲ್ಲಿ ಚುಕ್ಕಿಯ ಜೊತೆ ಬಣ್ಣವನ್ನು ಬರೆದಿರುವುದಿಲ್ಲ, ಬಣ್ಣದ ಕ್ರಮಸಂಖ್ಯೆಯನ್ನು ಬರೆದಿರುತ್ತದೆ. 256 ಬಣ್ಣಗಳ ಪಟ್ಟಿಯೊಂದು ಬೇರೆ ಇರುತ್ತದೆ. 47ನೇ ಬಣ್ಣ ಯಾವುದೆಂದು ಅದನ್ನು ನೋಡಿ ತಿಳಿಯಬೇಕು. ಇಡೀ ಪರದೆಗೆ ಇರುವುದು ಒಂದೇ ಪಟ್ಟಿ. ಆಟ ತನ್ನ ಪಟ್ಟಿಯನ್ನು ಕೂರಿಸುತ್ತಿದ್ದಂತೆ ವಿಂಡೋಸಿನ ಡೆಸ್ಕ್‌ಟಾಪು ಬಂದು ಕೆಲವು ಸಾಲುಗಳನ್ನು ತನ್ನದೆಂದು ಬದಲಾಯಿಸುತ್ತಿತ್ತು. ಸಂಖ್ಯೆ ಅದೇ, ನಿಘಂಟು ಬೇರೆ. ಹುಲ್ಲಿನ ಹಸಿರು ಯಾರದೋ ನೇರಳೆಯಾಗುತ್ತಿತ್ತು.

ಆಟಗಾರರು ಕಂಡುಕೊಂಡ ಮೊದಲ ಮದ್ದು ಒರಟಾದದ್ದು. ಆಟ ಶುರುಮಾಡುವ ಮುನ್ನ ಟಾಸ್ಕ್ ಮ್ಯಾನೇಜರಿಗೆ ಹೋಗಿ ‘ಎಕ್ಸ್‌ಪ್ಲೋರರ್’ ಅನ್ನು ಮುಚ್ಚಿಬಿಡುವುದು. ಟಾಸ್ಕ್‌ಬಾರು, ಐಕಾನುಗಳೆಲ್ಲ ಮಾಯವಾಗಿ ಖಾಲಿ ಪರದೆ ಉಳಿಯುತ್ತದೆ, ಬಣ್ಣಕ್ಕೆ ಕಿತ್ತಾಡುವವರು ಯಾರೂ ಇರುವುದಿಲ್ಲ, ಹುಲ್ಲು ಹಸಿರಾಗುತ್ತದೆ. ಇನ್ನೊಂದು ಮದ್ದು ತಮಾಷೆಯದು: ಪರದೆಯ ರೆಸಲ್ಯೂಷನ್ ಬದಲಿಸುವ ಕಿಟಕಿಯನ್ನು ತೆರೆದಿಟ್ಟು, ಅದನ್ನು ಮುಟ್ಟದೆ, ಆಟ ಶುರುಮಾಡುವುದು. ಅದು ಏಕೆ ಕೆಲಸ ಮಾಡುತ್ತದೆ ಎಂದು ತಿಳಿಯದೆಯೇ ಅಜ್ಜಿಯ ಮನೆಮದ್ದಿನಂತೆ ಸಾವಿರಾರು ಜನ ಪಾಲಿಸಿದರು. ಆಮೇಲೆ ಬಂದದ್ದು ಜಾಣ ಪರಿಹಾರ. ವಿಂಡೋಸಿನ ಚಿತ್ರ ಬರೆಯುವ ಫೈಲಿನದೇ ಹೆಸರಿನ ಬದಲಿ ಫೈಲೊಂದನ್ನು ಆಟದ ಫೋಲ್ಡರಿನಲ್ಲಿ ಇಡುವುದು. ಆಟ ಮೊದಲು ತನ್ನ ಮನೆಯಲ್ಲೇ ಹುಡುಕುವುದರಿಂದ ಈ ಬದಲಿಯನ್ನು ಎತ್ತಿಕೊಳ್ಳುತ್ತದೆ. ಅದು ನಡುವೆ ಕುಳಿತ ದುಭಾಷಿಯಂತೆ ಆಟದ ಹಳೆಯ ಮಾತನ್ನು ಕೇಳಿಸಿಕೊಂಡು, ಬಣ್ಣದ ಪಟ್ಟಿಯನ್ನು ತಾನೇ ಬಿಡಿಸಿ, ಹೊಸ ಯಂತ್ರಕ್ಕೆ ಅರ್ಥವಾಗುವಂತೆ ದಾಟಿಸುತ್ತದೆ. ಆಟದ ಮೂಲ ಫೈಲನ್ನು ಮುಟ್ಟುವುದೇ ಬೇಡ.

ಎಷ್ಟು ಕಾಣಬೇಕು?

ಮೂರು ಆಯಾಮದ ಆಟಗಳು ಬಂದ ಮೇಲೆ ಪ್ರಶ್ನೆ ಇನ್ನೊಂದು ಹೊರಳು ಪಡೆಯಿತು. ಇಲ್ಲಿ ಸಿದ್ಧಚಿತ್ರವಿಲ್ಲ. ಯಂತ್ರ ಕ್ಷಣಕ್ಷಣವೂ ಹೊಸದಾಗಿ ಬರೆಯುತ್ತದೆ, ಹಾಗಾಗಿ ಅಗಲದ ಪರದೆಗೆ ಅಗಲವಾದ ನೋಟವನ್ನೇ ಬರೆಯಬಹುದು. ನಾಲ್ಕಕ್ಕೆ ಮೂರರ ಪರದೆಯಲ್ಲಿ 90 ಡಿಗ್ರಿ ಕಾಣುತ್ತಿದ್ದ ಆಟ, ಎತ್ತರದ ನೋಟವನ್ನು ಹಾಗೆಯೇ ಉಳಿಸಿಕೊಂಡರೆ, ಹದಿನಾರಕ್ಕೆ ಒಂಬತ್ತರಲ್ಲಿ ಸುಮಾರು 106 ಡಿಗ್ರಿ ಕಾಣಬೇಕು. ಆದರೆ ಎಲ್ಲರೂ ಹಾಗೆ ಮಾಡಲಿಲ್ಲ. 2007ರಲ್ಲಿ ‘ಬಯೋಶಾಕ್’ ಬಂದಾಗ, ಅಗಲ ಪರದೆಯವರಿಗೆ ಮೇಲೆ ಕೆಳಗೆ ಕತ್ತರಿಸಿದ ನೋಟ ಸಿಗುತ್ತಿದೆ, ಹಳೆಯ ಚೌಕಟ್ಟಿನ ಪರದೆಯವರಿಗೇ ಹೆಚ್ಚು ಕಾಣುತ್ತಿದೆ ಎಂದು ಆಟಗಾರರು ಪತ್ತೆಹಚ್ಚಿ ಗದ್ದಲವೆಬ್ಬಿಸಿದರು. ಕಂಪನಿ ಮೊದಲು ಇದೇ ತನ್ನ ಉದ್ದೇಶಿತ ನೋಟ ಎಂದಿತು, ಆಮೇಲೆ ತಿದ್ದುಪಡಿಯೊಂದರಲ್ಲಿ ಆಯ್ಕೆಯನ್ನು ಆಟಗಾರರಿಗೇ ಬಿಟ್ಟಿತು.

ಕಪ್ಪು ಪಟ್ಟಿ ಬಿಟ್ಟು ಆಡುವುದರಲ್ಲಿ ಇಂಥ ತಕರಾರಿಲ್ಲ. ನೋಟ ಅಗಲವಾದರೆ ಆಟವೇ ಬದಲಾಗುತ್ತದೆ. ‘ಸ್ಟಾರ್‌ಕ್ರಾಫ್ಟ್’ನಂಥ ಪೈಪೋಟಿಯ ಆಟದಲ್ಲಿ ಹೆಚ್ಚು ನೆಲ ಕಾಣುವುದೆಂದರೆ ಶತ್ರು ಮೊದಲೇ ಕಾಣುವುದು. ಆಕಾರದ ತಪ್ಪು ತಿದ್ದುವ ಕೈ ಇಲ್ಲಿ ನಿಯಮವನ್ನೂ ತಿದ್ದಿಬಿಡುತ್ತದೆ.

ಪಾಠಾಂತರ

ನಮ್ಮ ಹಳೆಯ ಓಲೆಗರಿಗಳಲ್ಲಿ ಎಕಾರಕ್ಕೂ ಏಕಾರಕ್ಕೂ, ಒಕಾರಕ್ಕೂ ಓಕಾರಕ್ಕೂ ಸಾಮಾನ್ಯವಾಗಿ ಬೇರೆ ಗುರುತಿರುತ್ತಿರಲಿಲ್ಲ. ಪದ್ಯವನ್ನೂ ಸಾಲು ಮುರಿಯದೆ ಗರಿಯ ಉದ್ದಕ್ಕೆ ಬರೆಯುತ್ತಿದ್ದರು. ಬರೆದವನದು ಸೋಮಾರಿತನವಲ್ಲ. ಓದುವವನಿಗೆ ಛಂದಸ್ಸು ಗೊತ್ತಿತ್ತು, ಮಾತ್ರೆ ಎಣಿಸಿ ಹ್ರಸ್ವವೋ ದೀರ್ಘವೋ ಅವನೇ ತಿಳಿಯುತ್ತಿದ್ದ. ಛಂದಸ್ಸು ಮರೆತ ಕಾಲದಲ್ಲಿ ಗರಿಯನ್ನು ಇದ್ದಂತೆಯೇ ಅಚ್ಚು ಹಾಕಿದರೆ ಅಕ್ಷರ ಸರಿಯಾಗಿದ್ದೂ ಪದ್ಯ ಕುಂಟುತ್ತದೆ. ಆಟದ ಚುಕ್ಕಿಯ ಎತ್ತರವೂ ಅಂಥದೇ ಬರೆಯದೆ ಬಿಟ್ಟ ದೀರ್ಘ. ಓದುವ ಮಾನಿಟರಿಗೆ ಗೊತ್ತಿದ್ದರಿಂದ ಬರೆದಿಡಲಿಲ್ಲ. ಮಾನಿಟರು ಹೋದಾಗ ಅದರ ಛಂದಸ್ಸೂ ಹೋಯಿತು.

ಹೀಗೆ ನೋಡಿದರೆ ಆಟಗಳನ್ನು ಸರಿಪಡಿಸಿದವರು ಮೆಕ್ಯಾನಿಕ್‌ಗಳಿಗಿಂತ ಹೆಚ್ಚಾಗಿ ಗ್ರಂಥಸಂಪಾದಕರಂತೆ ಕಾಣುತ್ತಾರೆ. ಸಂಪಾದಕರ ಕಷ್ಟವೂ ಅವರಿಗೆ ಇದೆ, ಏಕೆಂದರೆ ಎಲ್ಲ ಕಡೆಯೂ ಒಂದೇ ಉತ್ತರ ಸಿಗುವುದಿಲ್ಲ. ಯುರೋಪಿನ ಪಾಲ್ ಪರದೆಗಳಲ್ಲಿ ಅಮಿಗಾ ಕಂಪ್ಯೂಟರಿನ ಚುಕ್ಕಿ ಹೆಚ್ಚುಕಡಿಮೆ ಚೌಕ. ಅದರ ಮೇಲೆ ದುಂಡಗೆ ಬರೆದ ಚಕ್ರ ಹಾಗೆಯೇ ಪಿಸಿಗೆ ಬಂದರೆ ಅಲ್ಲಿ ಉದ್ದವಾಗುತ್ತದೆ. ಅಮೆರಿಕದ ಪಿಸಿಯಲ್ಲಿ ಬರೆದದ್ದು ಯುರೋಪಿನ ಅಮಿಗಾಕ್ಕೆ ಹೋದರೆ ಕುಳ್ಳಗಾಗುತ್ತದೆ. ಆ ದಿನಗಳಲ್ಲೇ ಎರಡೂ ಊರಿನವರು ಒಂದೇ ಆಟವನ್ನು ಎರಡು ಆಕಾರದಲ್ಲಿ ಕಂಡಿದ್ದರು. ಎಲ್ಲ ಆಟಗಳಿಗೂ ಕಣ್ಣುಮುಚ್ಚಿ ಐದಕ್ಕೆ ಆರು ಮಾಡಿದರೆ ಕೆಲವು ಹೊಸದಾಗಿ ಕೆಡುತ್ತವೆ. ಪ್ರತಿ ಆಟದಲ್ಲೂ ನಾಣ್ಯ, ಗಡಿಯಾರ, ಚಂದ್ರ, ಗಾಡಿಯ ಚಕ್ರ ಎಂದು ದುಂಡಗಿರಲೇಬೇಕಾದ ವಸ್ತುವನ್ನು ಹುಡುಕಿ ಅಳೆಯಬೇಕು. ಒಂದೇ ಆಟದಲ್ಲಿ ಒಂದು ಚಕ್ರ ಒಂದು ಪ್ರಮಾಣದಲ್ಲಿ, ಇನ್ನೊಂದು ಇನ್ನೊಂದರಲ್ಲಿ ದುಂಡಗೆ ಬರುವುದೂ ಉಂಟು. ಎಲ್ಲ ಚಿತ್ರಕಾರರೂ ಒಂದೇ ಮಟ್ಟಿಗೆ ಎಚ್ಚರವಹಿಸಿರಲಿಲ್ಲ.

2017ರಲ್ಲಿ ನಿಂಟೆಂಡೊ ತನ್ನ ತೊಂಬತ್ತರ ದಶಕದ ‘ಸೂಪರ್ ನಿಂಟೆಂಡೊ’ ಯಂತ್ರವನ್ನು ಅಂಗೈಯಗಲದಲ್ಲಿ ಮರುಬಿಡುಗಡೆ ಮಾಡಿತು. ಆ ಯಂತ್ರದ 256 ಅಡ್ಡ, 224 ಉದ್ದದ ಚಿತ್ರವನ್ನು ಹಳೆಯ ಟೀವಿ ಅಡ್ಡಕ್ಕೆ ಹಿಗ್ಗಿಸಿ ತೋರಿಸುತ್ತಿತ್ತು. ಹೊಸ ಯಂತ್ರದಲ್ಲಿ ಕಂಪನಿ ಮೂರು ನೋಟಗಳನ್ನು ಕೊಟ್ಟಿತು: ಚುಕ್ಕಿಗಳು ಚೌಕವಾಗಿರುವುದು, ನಾಲ್ಕಕ್ಕೆ ಮೂರಕ್ಕೆ ಹಿಗ್ಗಿಸಿದ್ದು, ಹಳೆಯ ಟೀವಿಯ ಗೆರೆಗಳನ್ನು ಅನುಕರಿಸಿದ್ದು. ಒಳ್ಳೆಯ ಸಂಪಾದಕರು ಅಡಿಟಿಪ್ಪಣಿಯಲ್ಲಿ ಪಾಠಾಂತರ ಕೊಟ್ಟಂತೆ, ತಯಾರಕರೇ ಮೂರೂ ಪಾಠಗಳನ್ನು ಮುಂದಿಟ್ಟರು.

2012ರಲ್ಲಿ ಮೆಕ್ನರ್ ಅವರ ತಂದೆಗೆ ಮನೆಯಲ್ಲಿ ಹಳೆಯ ಪೆಟ್ಟಿಗೆಯೊಂದರಲ್ಲಿ ಕೆಲವು ಡಿಸ್ಕುಗಳು ಸಿಕ್ಕವು. ಕಳೆದೇಹೋಯಿತೆಂದುಕೊಂಡಿದ್ದ ‘ಪ್ರಿನ್ಸ್ ಆಫ್ ಪರ್ಷಿಯಾ’ದ ಆಪಲ್ 2 ಮೂಲ ಪ್ರೋಗ್ರಾಮು ಅದರಲ್ಲಿತ್ತು. ತಜ್ಞರು ಅದನ್ನು ಎಚ್ಚರದಿಂದ ಹೊರತೆಗೆದರು, ಮೆಕ್ನರ್ ಎಲ್ಲರಿಗೂ ಓದಲು ಬಿಟ್ಟರು. ಅದು ದೊಡ್ಡ ನಿಧಿಯೇ. ಆದರೆ ಆ ಪ್ರೋಗ್ರಾಮನ್ನು ಕೊನೆಯ ಸಾಲಿನವರೆಗೆ ಓದಿದರೂ ಆ ಹುಡುಗನ ಸೊಂಟ ಗಾಜಿನ ಮೇಲೆ ಎಷ್ಟಗಲವಿತ್ತೆಂದು ತಿಳಿಯುವುದಿಲ್ಲ. ಅದಕ್ಕೆ ಆಗಿನ ಮಾನಿಟರೇ ಬೇಕು, ಇಲ್ಲವೇ ಅದನ್ನು ಬಲ್ಲವರು ಬರೆದಿಟ್ಟ ಮಾತು ಬೇಕು.

ಅಮೆರಿಕದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, 2010ಕ್ಕೆ ಮುಂಚೆ ಆ ದೇಶದಲ್ಲಿ ಬಿಡುಗಡೆಯಾದ ಆಟಗಳಲ್ಲಿ 87 ಪ್ರತಿಶತ ಇಂದು ಅಂಗಡಿಯಲ್ಲಿ ಕೊಳ್ಳಲು ಸಿಗುವುದಿಲ್ಲ. ಫೈಲು ಉಳಿಸುವ ಕೆಲಸವೇ ಇಷ್ಟು ಹಿಂದೆ ಬಿದ್ದಿರುವಾಗ ನೋಟ ಉಳಿಸುವುದು ಇನ್ನೂ ದೂರ. ಪಿಕ್ಚರ್ ಟ್ಯೂಬುಗಳನ್ನು ದೊಡ್ಡ ಪ್ರಮಾಣದಲ್ಲಿ ತಯಾರಿಸುವುದು ನಿಂತುಹೋಗಿದೆ. ಇರುವವು ಒಂದೊಂದಾಗಿ ಮಂಕಾಗುತ್ತ ಗುಜರಿ ಸೇರುತ್ತಿವೆ. ಅವು ಹೊತ್ತಿಕೊಳ್ಳುತ್ತಿರುವಾಗಲೇ ಅವುಗಳ ಮುಂದೆ ಹಳೆಯ ಆಟಗಳನ್ನು ನಡೆಸಿ, ಅಳೆದು, ಫೋಟೊ ತೆಗೆದು, ಯಾವ ಕಾರ್ಡು, ಯಾವ ತಂತಿ, ಯಾವ ಪರದೆ ಎಂದು ಬರೆದಿಡುವವರು ಅಲ್ಲಲ್ಲಿ ಇದ್ದಾರೆ. ಅವರ ಟಿಪ್ಪಣಿಯಲ್ಲಿ ಸಾಮಾನ್ಯವಾಗಿ ಇರುವುದು ಎರಡು ಸಂಖ್ಯೆ ಮತ್ತು ಒಂದು ಚಿತ್ರ: ಚಂದ್ರನ ಅಗಲ, ಚಂದ್ರನ ಎತ್ತರ, ಗಾಜಿನ ಮೇಲೆ ಅವನು ಕಂಡ ಬಗೆ.